ಚೀಟಿ ಕಟ್ಟಿದ ಮೂಟೆ: ಕಾಂಗೊದ ಅದಿರು ಮತ್ತು ನಮ್ಮ ಫೋನು



ಸಂಘಟಕರು ಕೋಲಾರದ ಈ ದತ್ತಿ ಉಪನ್ಯಾಸಕ್ಕೆ ಮೊದಲು ಇಟ್ಟಿದ್ದ ಹೆಸರು ‘ನಿಮ್ಮ ಜೇಬಿನಲ್ಲಿ ರಕ್ತ’ ಎಂದು. ಬೇಡ ಅಂದೆ. ಅಂಥ ಹೆಸರಿಟ್ಟರೆ ಜನ ಬರುತ್ತಾರೆ, ನಿಜ. ಮುಕ್ಕಾಲು ಗಂಟೆ ತಲೆ ತಗ್ಗಿಸಿ ಕೂರುತ್ತಾರೆ, ಆಮೇಲೆ ಹೊರಗೆ ಹೋಗಿ ಅದೇ ಫೋನಿನಲ್ಲಿ ಆಟೊ ಕರೆಯುತ್ತಾರೆ. ನಾನೂ ಕರೆಯುತ್ತೇನೆ. ಪಾಪಪ್ರಜ್ಞೆ ಅಷ್ಟು ಅಗ್ಗವಾಗಿ ಸಿಗುವಾಗ ಅದನ್ನು ಹಂಚಲು ದತ್ತಿ ಉಪನ್ಯಾಸ ಯಾಕೆ? ಇವತ್ತು ನಾನು ಹೇಳಬೇಕೆಂದಿರುವುದು ಬೇರೆ. ಕಾಂಗೊದ ಪೂರ್ವ ಭಾಗದಲ್ಲಿ ಅದಿರಿನ ಹಿಂದೆ ನಡೆದ ಯುದ್ಧದ ಬೆಲೆಯನ್ನು ಯಾರು ತೆತ್ತರೋ, ಆ ಅದಿರನ್ನು ‘ಶುದ್ಧ’ ಮಾಡುವ ಕಾನೂನುಗಳ ಬೆಲೆಯನ್ನೂ ಅವರೇ ತೆತ್ತಿದ್ದಾರೆ. ಕೊಳ್ಳುವವರ ಮನಸ್ಸು ಹಗುರವಾಯಿತು, ತೋಡುವವನ ಬೆನ್ನು ಹಗುರವಾಗಲಿಲ್ಲ. ಇದು ನನ್ನ ವಾದ.

ಫೋನಿನ ಒಳಗೆ ಏನಿದೆ ಎಂಬುದನ್ನು ಬೇಗ ಮುಗಿಸುತ್ತೇನೆ. ‘ಸಂಘರ್ಷದ ಖನಿಜ’ ಎಂದು ಅಮೆರಿಕದ ಕಾನೂನು ಗುರುತಿಸಿರುವುದು ನಾಲ್ಕನ್ನು: ತವರ, ಟ್ಯಾಂಟಲಮ್, ಟಂಗ್‌ಸ್ಟನ್, ಚಿನ್ನ. ಸರ್ಕ್ಯೂಟ್ ಬೋರ್ಡಿನ ಮೇಲಿನ ಪ್ರತಿ ಬೆಸುಗೆಯೂ ತವರ. 2006ರಲ್ಲಿ ಯುರೋಪ್ ಒಕ್ಕೂಟ ಬೆಸುಗೆಯಲ್ಲಿ ಸೀಸ ಕೂಡದು ಎಂದ ಮೇಲೆ ತವರದ ಪಾಲು ಇನ್ನೂ ಏರಿತು. ಫೋನು ಗುಂಯ್‌ ಎಂದು ನಡುಗಲು ಒಳಗೊಂದು ಸಣ್ಣ ಭಾರ ತಿರುಗಬೇಕು, ಅದು ಟಂಗ್‌ಸ್ಟನ್. ತುಕ್ಕು ಹಿಡಿಯಬಾರದ ಸಂಪರ್ಕಗಳಿಗೆ ಚಿನ್ನದ ಲೇಪ. ಇನ್ನು ಟ್ಯಾಂಟಲಮ್. ಅದರ ಪುಡಿಯನ್ನು ಒತ್ತಿ, ಕಾಯಿಸಿ, ಸ್ಪಂಜಿನ ಹಾಗೆ ತೂತುತೂತಾದ ಗುಳಿಗೆ ಮಾಡುತ್ತಾರೆ. ಆ ತೂತುಗಳ ಒಳಮೈಗೆಲ್ಲ ಕಣ್ಣಿಗೆ ಕಾಣದಷ್ಟು ತೆಳುವಾದ ಆಕ್ಸೈಡ್ ಪೊರೆ ಬೆಳೆಸುತ್ತಾರೆ. ಸಾಸಿವೆಯಷ್ಟು ಜಾಗದಲ್ಲಿ ಹೆಚ್ಚು ವಿದ್ಯುತ್ ಹಿಡಿದಿಟ್ಟು ಬೇಕಾದಾಗ ಬಿಡುವ ಕೆಪಾಸಿಟರ್ ತಯಾರು. ಫೋನು ಇಟ್ಟಿಗೆಯ ಗಾತ್ರದಿಂದ ಅಂಗೈಗೆ ಇಳಿದದ್ದರಲ್ಲಿ ಇದಕ್ಕೂ ಪಾಲುಂಟು. ಒಂದು ಫೋನಿಗೆ ಬೇಕಾಗುವುದು ಗ್ರಾಮಿನ ಸಣ್ಣದೊಂದು ಅಂಶ ಮಾತ್ರ. ಈಗ ಎಷ್ಟೋ ಕಡೆ ಇದರ ಬದಲು ಸೆರಾಮಿಕ್ ಕೆಪಾಸಿಟರ್ ಬಳಸುತ್ತಾರೆ, ಆದರೂ ಟ್ಯಾಂಟಲಮ್ ಪೂರ್ತಿ ಹೋಗಿಲ್ಲ. ಜಗತ್ತಿನ ಟ್ಯಾಂಟಲಮ್‌ನಲ್ಲಿ ಸುಮಾರು ಐದರಲ್ಲಿ ಎರಡು ಪಾಲು ಕಾಂಗೊದ್ದು ಎಂದು ಲೆಕ್ಕ. ನೆರೆಯ ರುವಾಂಡದ ಹೆಸರಿನಲ್ಲಿ ಬರುವುದೂ ದೊಡ್ಡ ಪಾಲೇ. ಆ ‘ಹೆಸರಿನಲ್ಲಿ’ ಎಂಬ ಮಾತಿಗೆ ಆಮೇಲೆ ಬರುತ್ತೇನೆ.

ಈಗ ಜಾಗಕ್ಕೆ ಹೋಗೋಣ. ಕಾಂಗೊದ ಪೂರ್ವದ ಅಂಚಿನಲ್ಲಿ, ಕಿವು ಸರೋವರದ ದಡದಲ್ಲಿ ಗೋಮಾ ಎಂಬ ನಗರವಿದೆ. ನಗರದ ನೆತ್ತಿಯ ಮೇಲೆ ಜೀವಂತ ಜ್ವಾಲಾಮುಖಿ, ಮಗ್ಗುಲಲ್ಲಿ ರುವಾಂಡದ ಗಡಿ. ಅಲ್ಲಿಂದ ವಾಯವ್ಯಕ್ಕೆ ಹೋದರೆ ಮಸಿಸಿ ಗುಡ್ಡಗಳು. ಹಸಿರು ಹುಲ್ಲು, ದನ, ಹಾಲು. ಬೆಲ್ಜಿಯಂ ಪಾದ್ರಿಗಳ ಕಾಲದಿಂದ ಅಲ್ಲಿ ಮಾಡುವ ಚೀಸ್ ಇಡೀ ಕಾಂಗೊಗೆ ಪ್ರಸಿದ್ಧ. ಅದೇ ಗುಡ್ಡಗಳ ನಡುವೆ ರುಬಾಯಾ ಎಂಬ ಊರು. ಜಗತ್ತಿನ ಕೋಲ್ಟಾನ್‌ನಲ್ಲಿ ಶೇ. 15ರಷ್ಟು ಈ ಒಂದು ಊರಿನ ಸುತ್ತಲಿಂದಲೇ ಬರುತ್ತದೆ ಎಂಬ ಅಂದಾಜಿದೆ. ಕೋಲ್ಟಾನ್ ಎಂದರೆ ಟ್ಯಾಂಟಲಮ್ ಇರುವ ಅದಿರು. ಕಪ್ಪಗೆ, ಮಂಕಾಗಿ, ಗಾತ್ರಕ್ಕೆ ಮೀರಿದ ತೂಕವಾಗಿ ಇರುತ್ತದೆ.

ಗಣಿ ಎಂದ ಕೂಡಲೆ ನಿಮ್ಮ ಕಣ್ಣ ಮುಂದೆ ಬರುವುದು ಕೆಜಿಎಫ್‌ನ ಶಾಫ್ಟು, ಚಕ್ರ, ಸೈರನ್. ರುಬಾಯಾದಲ್ಲಿ ಅಂಥದ್ದೇನೂ ಇಲ್ಲ. ಗುದ್ದಲಿ, ಸಲಿಕೆ, ಹಾರೆ, ತಲೆಗೆ ಕಟ್ಟಿದ ಟಾರ್ಚು, ಕಾಲಿಗೆ ರಬ್ಬರ್ ಬೂಟು. ಬೂಟು ಎಲ್ಲರಿಗೂ ಇಲ್ಲ. ಗುಡ್ಡದ ಹೊಟ್ಟೆಗೆ ಮೊಲದ ಬಿಲದಂತೆ ತೂತು ಕೊರೆದು ಮಣ್ಣು ತೆಗೆಯುತ್ತಾರೆ. ಮಣ್ಣಿನ ಚೀಲಗಳನ್ನು ಕೈಯಿಂದ ಕೈಗೆ ದಾಟಿಸಿ ಕೆಳಗಿನ ಕಾಲುವೆಗೆ ಇಳಿಸುತ್ತಾರೆ. ಅಲ್ಲಿ ಹರಿವ ನೀರಿನಲ್ಲಿ ಸಲಿಕೆಯಿಂದ ಮಗುಚುತ್ತ ತೊಳೆಯುತ್ತಾರೆ. ಹಗುರ ಮಣ್ಣು ನೀರಿನೊಂದಿಗೆ ಹೋಗುತ್ತದೆ, ಭಾರದ ಕಪ್ಪು ಮರಳು ತಳದಲ್ಲಿ ನಿಲ್ಲುತ್ತದೆ. ತೊಳೆಯುವುದರಲ್ಲಿ, ಹೊರುವುದರಲ್ಲಿ ಹೆಂಗಸರೂ ಇರುತ್ತಾರೆ, ಮಕ್ಕಳೂ ಇರುತ್ತಾರೆ. ಮಳೆಗಾಲದಲ್ಲಿ ಗುಡ್ಡ ಜಾರುತ್ತದೆ. ಒಳಗಿದ್ದವರು ಒಳಗೇ. ಹಾಜರಿ ಪುಸ್ತಕ ಇಲ್ಲದ ಗಣಿಯಲ್ಲಿ ಎಷ್ಟು ಜನ ಸತ್ತರು ಎಂದು ಹೇಳುವವರು ಯಾರು? ಹೊರಗೆ ಕಾಯುತ್ತಿದ್ದ ಮನೆಯವರು ಹೇಳಿದಷ್ಟೇ ಲೆಕ್ಕ.

ಮರಳು ಒಣಗಿದ ಮೇಲೆ ವ್ಯಾಪಾರ. ಕೋಲಾರದವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ಟೊಮೆಟೊ ಬೆಳೆದವನಿಗೂ ಮಂಡಿಗೂ ಇರುವ ಸಂಬಂಧವೇ ಅಲ್ಲೂ. ದಲ್ಲಾಳಿ ಮೊದಲೇ ಮುಂಗಡ ಕೊಟ್ಟಿರುತ್ತಾನೆ: ಅಕ್ಕಿಗೆ, ಸಲಿಕೆಗೆ, ಹೆಂಡತಿಯ ಹೆರಿಗೆಗೆ. ಅದಿರು ಅವನಿಗೇ ಹೋಗಬೇಕು, ಅವನು ಹೇಳಿದ ಬೆಲೆಗೆ. ಆದರೆ ಒಂದು ವ್ಯತ್ಯಾಸ ಉಂಟು. ಟೊಮೆಟೊ ಕೆಂಪಗಿದೆಯೋ ಕೊಳೆತಿದೆಯೋ ಬೆಳೆದವನಿಗೆ ಕಾಣುತ್ತದೆ. ಕೋಲ್ಟಾನ್‌ನ ಬೆಲೆ ನಿಂತಿರುವುದು ಅದರಲ್ಲಿ ಟ್ಯಾಂಟಲಮ್ ಆಕ್ಸೈಡ್ ಶೇಕಡಾ ಎಷ್ಟಿದೆ ಎಂಬುದರ ಮೇಲೆ. ಅದನ್ನು ಅಳೆಯುವ ಯಂತ್ರ ಇರುವುದು ಗೋಮಾದ ರಫ್ತುದಾರನ ಬಳಿ. ತೋಡಿದವನು ತೂಕಕ್ಕೆ ಮಾರುತ್ತಾನೆ, ಕೊಂಡವನು ಸತ್ವಕ್ಕೆ ಮಾರುತ್ತಾನೆ. ನಡುವಿನ ಅಂತರ ಯಾರ ಜೇಬಿಗೆ ಎಂದು ಕೇಳಬೇಕೆ?

ಗಣಿಯಿಂದ ಗೋಮಾದವರೆಗಿನ ದಾರಿಯಲ್ಲಿ ಇನ್ನೊಂದು ವ್ಯಾಪಾರವಿದೆ. ರಸ್ತೆಗೆ ಅಡ್ಡಲಾಗಿ ಒಂದು ಬಿದಿರು ಗಳು ಅಥವಾ ಹಗ್ಗ, ಪಕ್ಕದಲ್ಲಿ ಬಂದೂಕು ಹಿಡಿದವನು. 2017ರಲ್ಲಿ ಬೆಲ್ಜಿಯಂನ ಐಪಿಐಎಸ್ ಎಂಬ ಅಧ್ಯಯನ ಸಂಸ್ಥೆ ಉತ್ತರ ಮತ್ತು ದಕ್ಷಿಣ ಕಿವು ಪ್ರಾಂತ್ಯಗಳಲ್ಲಿ ಇಂಥ ಸುಂಕದ ಕಟ್ಟೆಗಳನ್ನು ಎಣಿಸಿತು. 798. ಕೆಲವು ಬಂಡುಕೋರರವು. ಬಹಳಷ್ಟು ಕಡೆ ನಿಂತಿದ್ದವರು ಸರ್ಕಾರದ್ದೇ ಸೈನಿಕರು. ಅದಿರಿಗೆ ಮಾತ್ರ ಸುಂಕವಲ್ಲ. ಹುರುಳಿಕಾಯಿ ಹೊತ್ತ ಹೆಂಗಸೂ ಕೊಡಬೇಕು, ಇದ್ದಿಲು ತಳ್ಳುವವನೂ ಕೊಡಬೇಕು, ಬರಿಗೈಯಲ್ಲಿ ಹೋಗುವವನೂ ಕೊಡಬೇಕು. ಇದರ ಮೇಲೆ ‘ಸಲೊಂಗೊ’ ಎಂಬುದೊಂದು. ಮೊಬುಟು ಸರ್ವಾಧಿಕಾರದ ಕಾಲದಲ್ಲಿ ಊರ ಕೆಲಸಕ್ಕೆ ವಾರಕ್ಕೊಮ್ಮೆ ಎಲ್ಲರೂ ಬರಬೇಕೆಂದು ಶುರುವಾದ ಬಿಟ್ಟಿ ಚಾಕರಿ. ಈಗ ಎಷ್ಟೋ ಗಣಿಗಳಲ್ಲಿ ವಾರದಲ್ಲಿ ಒಂದು ದಿನ ತೆಗೆದ ಅದಿರೆಲ್ಲ ಬಂದೂಕಿನವನಿಗೆ ಎಂದರ್ಥ.

ಉತ್ತರ ಕಿವುವಿನಲ್ಲೇ ಇರುವ ವಾಲಿಕಾಲೆಯ ಬಿಸಿಯೆ ಗಣಿಯನ್ನು ನೋಡಿ. ತವರದ ಅದಿರು. 2002ರ ಸುಮಾರಿಗೆ ಕಾಡಿನ ನಡುವೆ ಸಿಕ್ಕಿತು. ಆಗ ರಸ್ತೆ ಇರಲಿಲ್ಲ. ಕೂಲಿಗಳು 50 ಕಿಲೊ ಮೂಟೆ ಬೆನ್ನಿಗೆ ಹಾಕಿಕೊಂಡು ಕಾಡಿನಲ್ಲಿ ಎರಡು ದಿನ ನಡೆದು ಹೊರಗೆ ತರಬೇಕಿತ್ತು. ಅಲ್ಲಿಂದ ಡಾಂಬರು ರಸ್ತೆಯ ಒಂದು ನೇರ ತುಂಡಿನ ಮೇಲೆಯೇ ಇಳಿಯುತ್ತಿದ್ದ ಹಳೆಯ ವಿಮಾನಗಳಲ್ಲಿ ಗೋಮಾಕ್ಕೆ. ಆ ಗಣಿಯನ್ನು ವರ್ಷಗಟ್ಟಲೆ ಕೈಯಲ್ಲಿ ಇಟ್ಟುಕೊಂಡಿದ್ದು ಕಾಂಗೊ ಸೇನೆಯದ್ದೇ ಒಂದು ದಳ. ಹಿಂದೆ ಬಂಡುಕೋರರಾಗಿದ್ದು ಸೇನೆಗೆ ಸೇರಿಸಿಕೊಂಡವರು. ಸರ್ಕಾರ ಯಾವುದು, ದರೋಡೆಕೋರ ಯಾವನು ಎಂದು ಬೇರೆ ಮಾಡಿ ನೋಡುವುದು ದೂರದಲ್ಲಿ ಕೂತ ನಮಗೆ ಸುಲಭ. ಮೂಟೆ ಹೊತ್ತವನಿಗೆ ಸಮವಸ್ತ್ರದ ಬಣ್ಣವಷ್ಟೇ ಬದಲಾಗುತ್ತದೆ.

ಇದೆಲ್ಲ ಹೇಗೆ ಶುರುವಾಯಿತು ಎಂಬುದಕ್ಕೆ ಬೆಲ್ಜಿಯಂ ದೊರೆ ಎರಡನೆಯ ಲಿಯೊಪೋಲ್ಡ್‌ನ ರಬ್ಬರಿನಿಂದ ಆರಂಭಿಸಬಹುದು, ಹಾಗೆ ಆರಂಭಿಸಿದರೆ ಈ ಸಂಜೆ ಸಾಲದು. ಹತ್ತಿರದ ಕಾರಣಕ್ಕೆ ಬರುತ್ತೇನೆ. 1994ರಲ್ಲಿ ರುವಾಂಡದಲ್ಲಿ ತುತ್ಸಿಗಳ ನರಮೇಧ. ಅದು ಮುಗಿದಾಗ ಆ ದೇಶದ ಇನ್ನೊಂದು ಜನಾಂಗದವರಾದ ಹುಟುಗಳು ಲಕ್ಷಗಟ್ಟಲೆ ಗಡಿ ದಾಟಿ ಕಿವು ಪ್ರಾಂತ್ಯಗಳಿಗೆ ಬಂದರು. ಅವರಲ್ಲಿ ಕೊಲೆಗಾರರೂ ಇದ್ದರು, ಮಕ್ಕಳನ್ನು ಎತ್ತಿಕೊಂಡು ಓಡಿದವರೂ ಇದ್ದರು. ಕೊಲೆಗಾರರನ್ನು ಅಟ್ಟುವ ಹೆಸರಿನಲ್ಲಿ ರುವಾಂಡದ ಸೇನೆ 1996ರಲ್ಲಿ ಒಳಗೆ ಬಂತು. 1998ರಲ್ಲಿ ಮತ್ತೆ ಬಂತು, ಉಗಾಂಡವೂ ಬಂತು. ಅತ್ತ ಕಾಂಗೊ ಸರ್ಕಾರದ ಪರ ಅಂಗೋಲ, ಜಿಂಬಾಬ್ವೆ, ನಮೀಬಿಯ. ಒಂದು ದೇಶದ ನೆಲದ ಮೇಲೆ ಅಷ್ಟು ದೇಶಗಳ ಸೇನೆ.

ಅಷ್ಟರಲ್ಲಿ 2000ನೇ ಇಸವಿ ಬಂತು. ಮೊಬೈಲು, ಕಂಪ್ಯೂಟರು, ವಿಡಿಯೊ ಗೇಮು ಎಲ್ಲಕ್ಕೂ ಒಟ್ಟಿಗೆ ಬೇಡಿಕೆ. ಟ್ಯಾಂಟಲಮ್ ಅದಿರಿನ ಬೆಲೆ ಪೌಂಡಿಗೆ 30–40 ಡಾಲರ್ ಇದ್ದದ್ದು ವರ್ಷ ಮುಗಿಯುವುದರೊಳಗೆ 300 ಡಾಲರ್ ದಾಟಿತು. ಕಿವು ಗುಡ್ಡಗಳಲ್ಲಿ ಹುಚ್ಚು ಹಿಡಿದಂತಾಯಿತು. ಹೊಲ ಬಿಟ್ಟರು, ಶಾಲೆ ಬಿಟ್ಟರು, ದನದ ಹುಲ್ಲುಗಾವಲನ್ನೇ ಅಗೆದರು. ಗೋಮಾವನ್ನು ಹಿಡಿದಿದ್ದ ಆರ್‌ಸಿಡಿ ಬಂಡುಕೋರರು ಆ ನವೆಂಬರ್‌ನಲ್ಲಿ ಕೋಲ್ಟಾನ್ ರಫ್ತನ್ನು ಒಂದೇ ಕಂಪನಿಯ ಏಕಸ್ವಾಮ್ಯಕ್ಕೆ ಕೊಟ್ಟು ಕಿಲೊಗೆ ಇಷ್ಟು ಎಂದು ಸುಂಕ ಕಟ್ಟಿಸಿಕೊಂಡರು. ವಿಶ್ವಸಂಸ್ಥೆಯ ತಜ್ಞರ ಸಮಿತಿ 2001ರ ಏಪ್ರಿಲ್‌ನಲ್ಲಿ ಕೊಟ್ಟ ವರದಿಯ ಅಂದಾಜಿನ ಪ್ರಕಾರ ರುವಾಂಡದ ಸೇನೆ 18 ತಿಂಗಳಲ್ಲಿ ಕೋಲ್ಟಾನ್‌ ಒಂದರಿಂದಲೇ ಕನಿಷ್ಠ 25 ಕೋಟಿ ಡಾಲರ್ ಗಳಿಸಿತ್ತು. ಯುದ್ಧ ತನ್ನ ಖರ್ಚನ್ನು ತಾನೇ ದುಡಿದುಕೊಳ್ಳತೊಡಗಿತ್ತು. 2001ರಲ್ಲಿ ಬೆಲೆ ಧೊಪ್ಪನೆ ಬಿತ್ತು. ಹೊಲ ಪಾಳುಬಿದ್ದಿತ್ತು, ದನ ಹೋಗಿತ್ತು. ಬಂದೂಕುಗಳು ಮಾತ್ರ ಅಲ್ಲೇ ಉಳಿದವು.

ಸತ್ತವರೆಷ್ಟು? ಇಂಟರ್‌ನ್ಯಾಷನಲ್ ರೆಸ್ಕ್ಯೂ ಕಮಿಟಿ ಮನೆಮನೆ ಸಮೀಕ್ಷೆಗಳ ಮೇಲೆ 1998ರಿಂದ 2007ರವರೆಗೆ 54 ಲಕ್ಷ ಜನ ಎಂದು ಅಂದಾಜು ಮಾಡಿತು. ಅಷ್ಟಿಲ್ಲ, ಮೂಲ ಲೆಕ್ಕವೇ ತಪ್ಪು ಎಂದು ಬೇರೆ ಸಂಶೋಧಕರು ತಕರಾರು ತೆಗೆದರು. ತಕರಾರಿನಲ್ಲಿ ಹುರುಳಿದೆ. ಆದರೆ ಯಾವ ಲೆಕ್ಕ ಹಿಡಿದರೂ ಒಂದು ಮಾತು ಬದಲಾಗುವುದಿಲ್ಲ: ಬಹುಪಾಲು ಜನ ಗುಂಡಿಗೆ ಸಾಯಲಿಲ್ಲ. ಮಲೇರಿಯ, ಭೇದಿ, ನ್ಯುಮೋನಿಯ, ಹಸಿವು. ಹಳ್ಳಿ ಬಿಟ್ಟು ಕಾಡಿಗೆ ಓಡಿದವರಿಗೆ, ಆಸ್ಪತ್ರೆ ಸುಟ್ಟುಹೋದ ಕಡೆ, ನಾವು ಹತ್ತು ರೂಪಾಯಿ ಮಾತ್ರೆಯಲ್ಲಿ ದಾಟುವ ಕಾಯಿಲೆಗಳು. ಸತ್ತವರಲ್ಲಿ ಹೆಚ್ಚುಕಡಿಮೆ ಅರ್ಧದಷ್ಟು ಐದು ವರ್ಷದೊಳಗಿನ ಮಕ್ಕಳು. ಟಿವಿಯಲ್ಲಿ ಕಾಣುವ ಯುದ್ಧಕ್ಕೆ ಈ ಸಾವುಗಳು ಸೇರುವುದಿಲ್ಲ. ಆದ್ದರಿಂದಲೇ ಜಗತ್ತು ಇದನ್ನು ಇಷ್ಟು ವರ್ಷ ಸಹಿಸಿಕೊಂಡಿತು ಎಂದು ನನಗೆ ಅನ್ನಿಸುತ್ತದೆ.

ಹೆಂಗಸರ ವಿಷಯ ಬೇರೆಯೇ ಹೇಳಬೇಕು. ಡೆನಿ ಮುಕ್ವೆಗೆ ಎಂಬ ವೈದ್ಯರ ಹೆಸರು ನಿಮ್ಮಲ್ಲಿ ಕೆಲವರಿಗೆ ಗೊತ್ತಿರಬಹುದು. ಹೆರಿಗೆಯಲ್ಲಿ ಸಾಯುವ ತಾಯಂದಿರನ್ನು ಉಳಿಸಬೇಕೆಂದು ಸ್ತ್ರೀರೋಗ ಓದಿದವರು. 1996ರಲ್ಲಿ ಅವರು ಕೆಲಸ ಮಾಡುತ್ತಿದ್ದ ಲೆಮೆರಾ ಆಸ್ಪತ್ರೆಗೆ ಸಶಸ್ತ್ರ ಪಡೆ ನುಗ್ಗಿ ಹಾಸಿಗೆಯಲ್ಲಿದ್ದ ರೋಗಿಗಳನ್ನು, ಸಿಬ್ಬಂದಿಯನ್ನು ಕೊಂದಿತು. 1999ರಲ್ಲಿ ಅವರು ದಕ್ಷಿಣ ಕಿವುವಿನ ಬುಕಾವುನಲ್ಲಿ ಪಂಜಿ ಆಸ್ಪತ್ರೆ ಶುರುಮಾಡಿದರು, ಹೆರಿಗೆಗಾಗಿಯೇ. ಅಲ್ಲಿಗೆ ಬಂದ ಮೊದಲ ರೋಗಿ ಹೆರಿಗೆಗೆ ಬಂದವಳಲ್ಲ. ಅತ್ಯಾಚಾರಕ್ಕೊಳಗಾಗಿ ಗುಂಡಿನಿಂದ ಗಾಯಗೊಂಡು ಬಂದವಳು. ಆಮೇಲೆ ಸಾಲುಸಾಲು, ಹತ್ತಾರು ಸಾವಿರ. ಒಂದು ಊರನ್ನು ಖಾಲಿ ಮಾಡಿಸಲು ಊರಿನವರನ್ನೆಲ್ಲ ಕೊಲ್ಲಬೇಕಾಗಿಲ್ಲ, ಹೆಂಗಸರನ್ನು ಗಂಡ ಮಕ್ಕಳ ಎದುರಿಗೆ ಹಾಳುಮಾಡಿದರೆ ಊರು ತಾನೇ ಒಡೆದುಹೋಗುತ್ತದೆ ಎಂಬುದನ್ನು ಬಂದೂಕಿನವರು ಕಂಡುಕೊಂಡಿದ್ದರು. 2018ರಲ್ಲಿ ಮುಕ್ವೆಗೆ ಅವರಿಗೆ ನೊಬೆಲ್ ಶಾಂತಿ ಪ್ರಶಸ್ತಿ ಬಂತು. ಓಸ್ಲೊದಲ್ಲಿ ಮಾತಾಡುವಾಗ ಅವರು ಸ್ಮಾರ್ಟ್‌ಫೋನಿನ ಹೆಸರನ್ನು ಎತ್ತಿಯೇ ಹೇಳಿದರು. ಆದರೆ ಅವರು ಅದಕ್ಕಿಂತ ಹೆಚ್ಚಾಗಿ ಒತ್ತಿ ಕೇಳಿದ್ದು ಬೇರೆ: ಬಲಿಯಾದವರ ಹೆಸರು, ಸ್ಥಳ, ದಿನಾಂಕ ವಿಶ್ವಸಂಸ್ಥೆಯ ವರದಿಯಲ್ಲೇ ಇರುವಾಗ, ತಪ್ಪು ಮಾಡಿದವರ ವಿಚಾರಣೆ ಏಕಿಲ್ಲ? ಫೋನಿನ ಮಾತು ಎಲ್ಲ ಪತ್ರಿಕೆಗಳಲ್ಲಿ ಬಂತು. ವಿಚಾರಣೆಯ ಮಾತು ಅಷ್ಟು ಬರಲಿಲ್ಲ.

ಇಲ್ಲಿ ಒಂದು ಎಚ್ಚರಿಕೆ ಹೇಳದೆ ಮುಂದೆ ಹೋಗಲಾರೆ. ಈ ಯುದ್ಧ ಖನಿಜಕ್ಕಾಗಿಯೇ ಹುಟ್ಟಿತು ಎನ್ನುವುದು ಸುಳ್ಳಲ್ಲದಿದ್ದರೂ ಪೂರ್ತಿ ನಿಜವಲ್ಲ. ಜಮೀನು ಯಾರದು, ರುವಾಂಡದ ಭಾಷೆಯಾದ ಕಿನ್ಯರ್ವಾಂಡ ಮಾತಾಡುವವರು ಕಾಂಗೊದವರೋ ಹೊರಗಿನವರೋ, ಹುಲ್ಲುಗಾವಲೋ ಹೊಲವೋ, ಇವು ಕೋಲ್ಟಾನ್‌ಗೆ ಬೆಲೆ ಬರುವುದಕ್ಕೆ ಮುಂಚಿನಿಂದಲೂ ಮಸಿಸಿಯಲ್ಲಿ ಹೊಗೆಯಾಡುತ್ತಿದ್ದ ಜಗಳಗಳು. ಅದಿರು ಹೋದರೆ ಜಗಳ ಹೋಗುವುದಿಲ್ಲ. ಸುಂಕದ ಕಟ್ಟೆಯವನು ಹುರುಳಿಕಾಯಿಯ ಮೇಲೂ ಸುಂಕ ಎತ್ತುತ್ತಾನೆ ಎಂದು ಆಗ ಹೇಳಿದ್ದು ಇದಕ್ಕೇ. ಆದರೆ ಅದಿರಿಗೆ ಡಾಲರ್ ಬರುತ್ತದೆ, ಡಾಲರಿಗೆ ಬಂದೂಕು ಬರುತ್ತದೆ, ಜಗಳ ದಶಕಗಟ್ಟಲೆ ಬಾಳುತ್ತದೆ.

ಈ ಸೂಕ್ಷ್ಮವನ್ನು ಮರೆತದ್ದರ ಫಲ ಏನಾಯಿತು ಎಂದು ನೋಡಿ. 2010ರ ಜುಲೈನಲ್ಲಿ ಅಮೆರಿಕದಲ್ಲಿ ಡಾಡ್–ಫ್ರಾಂಕ್ ಕಾಯ್ದೆ ಬಂತು. ಬ್ಯಾಂಕುಗಳನ್ನು ಹದ್ದಿನಲ್ಲಿಡುವ ಕಾಯ್ದೆ. ಅದರೊಳಗೆ 1502 ಎಂಬ ಸೆಕ್ಷನ್. ಷೇರುಪೇಟೆಯಲ್ಲಿರುವ ಕಂಪನಿಗಳು ತಮ್ಮ ಸರಕಿನಲ್ಲಿ ಆ ನಾಲ್ಕು ಖನಿಜ ಇದ್ದರೆ, ಅವು ಕಾಂಗೊ ಅಥವಾ ಅದರ ನೆರೆಯ ದೇಶಗಳಿಂದ ಬಂದವೇ ಎಂದು ವಿಚಾರಿಸಿ ವರ್ಷವರ್ಷ ಬಹಿರಂಗಪಡಿಸಬೇಕು. ಕೊಳ್ಳಬೇಡಿ ಎಂದು ಕಾನೂನು ಎಲ್ಲೂ ಹೇಳಲಿಲ್ಲ. ಕಂಪನಿಗಳು ಮಾಡಿದ್ದು ಅದನ್ನೇ: ಈ ತಂಟೆಯೇ ಬೇಡ, ಆ ಕಡೆಯ ಅದಿರೇ ಬೇಡ. ಇತ್ತ ಕಾಂಗೊ ಅಧ್ಯಕ್ಷ ಜೋಸೆಫ್ ಕಬೀಲಾ 2010ರ ಸೆಪ್ಟೆಂಬರ್‌ನಲ್ಲಿ ಎರಡು ಕಿವುಗಳು ಮತ್ತು ಮನಿಯೆಮಾ ಪ್ರಾಂತ್ಯದಲ್ಲಿ ಕೈಗಣಿಗಾರಿಕೆಯನ್ನೇ ನಿಷೇಧಿಸಿದರು. 2011ರ ಮಾರ್ಚ್‌ವರೆಗೆ. ಲಕ್ಷಗಟ್ಟಲೆ ಜನರ ಕೂಲಿ ಒಂದೇ ಏಟಿಗೆ ನಿಂತಿತು. ತೋಡುವವನಿಗೆ ಕೂಲಿ ಇಲ್ಲ ಎಂದರೆ ಅಕ್ಕಿ ಮಾರುವವಳಿಗೆ ವ್ಯಾಪಾರ ಇಲ್ಲ, ಶಾಲೆಗೆ ಫೀಸು ಇಲ್ಲ, ಆಸ್ಪತ್ರೆಗೆ ಹೋಗಲು ಕಾಸಿಲ್ಲ. ಅದಿರು ತರುತ್ತಿದ್ದ ವಿಮಾನಗಳೇ ಹಿಂದಿರುಗುವಾಗ ಉಪ್ಪು, ಸೋಪು, ಔಷಧ ತರುತ್ತಿದ್ದವು. ಅವೂ ನಿಂತವು. 2016ರಲ್ಲಿ ಪ್ರಕಟವಾದ ಒಂದು ಅರ್ಥಶಾಸ್ತ್ರ ಅಧ್ಯಯನ, ಈ ಕಾನೂನಿನ ನಂತರ ಗಣಿಗಳ ಆಸುಪಾಸಿನ ಹಳ್ಳಿಗಳಲ್ಲಿ ಹಸುಗೂಸುಗಳ ಸಾವು ಏರಿತು ಎಂದು ತೋರಿಸಿತು. ಬಂದೂಕಿನವರು ಕೆಲಸ ಬಿಟ್ಟರೇ? ಇಲ್ಲ, ಅವರಲ್ಲಿ ಕೆಲವರು ಚಿನ್ನಕ್ಕೆ ತಿರುಗಿದರು. ಚಿನ್ನವನ್ನು ಜೇಬಿನಲ್ಲಿ ಸಾಗಿಸಬಹುದು.

ಬಳ್ಳಾರಿಯಲ್ಲಿ 2011ರ ಜುಲೈನಲ್ಲಿ ಸುಪ್ರೀಂ ಕೋರ್ಟು ಗಣಿ ನಿಲ್ಲಿಸಿದಾಗ ಸಂಡೂರು, ಹೊಸಪೇಟೆ ಕಡೆಯ ಕೂಲಿಗಳ, ಲಾರಿ ಕ್ಲೀನರುಗಳ ಗತಿ ಏನಾಯಿತೆಂದು ಬಲ್ಲವರಿಗೆ ಇದು ಹೊಸದಲ್ಲ. ಕೋರ್ಟು ಮಾಡಿದ್ದು ಸರಿ. ಸರಿಯಾದ ಕೆಲಸದ ಬಿಲ್ಲನ್ನು ಯಾರ ಹೆಸರಿಗೆ ಬರೆದೆವು ಎಂಬುದು ಪ್ರಶ್ನೆ.

ನಿಷೇಧ ತೆಗೆದ ಮೇಲೆ ಬಂದದ್ದು ಚೀಟಿ. ತವರ ಉದ್ಯಮದವರೇ ಸೇರಿ ಕಟ್ಟಿದ ಇಟ್ಸ್ಕಿ ಎಂಬ ವ್ಯವಸ್ಥೆ. ಗಣಿಯ ಬಳಿ ಮೂಟೆಗೆ ಬಾರ್‌ಕೋಡ್ ಇರುವ ಪ್ಲಾಸ್ಟಿಕ್ ಚೀಟಿ ಒಂದು, ದಲ್ಲಾಳಿಯ ಬಳಿ ಇನ್ನೊಂದು, ಪುಸ್ತಕದಲ್ಲಿ ನಮೂದು. ಚೀಟಿ ಇದ್ದರೆ ಅದಿರು ಶುದ್ಧ. ಚೀಟಿಯ ಖರ್ಚನ್ನು ಕ್ಯಾಲಿಫೋರ್ನಿಯದ ಕಂಪನಿ ಕೊಡುತ್ತದೆ ಅಂದುಕೊಂಡಿರೇನೋ. ಇಲ್ಲ. ರಫ್ತುದಾರನ ಮೇಲೆ ಟನ್ನಿಗಿಷ್ಟು ಎಂದು ಬೀಳುತ್ತದೆ, ಅವನು ದಲ್ಲಾಳಿಗೆ ಕೊಡುವ ಬೆಲೆಯಲ್ಲಿ ಮುರಿಯುತ್ತಾನೆ, ದಲ್ಲಾಳಿ ಗುದ್ದಲಿಯವನಿಗೆ ಕೊಡುವುದರಲ್ಲಿ. ನಮ್ಮ ಫೋನಿನ ಶುದ್ಧಿಯ ಖರ್ಚನ್ನು ರುಬಾಯಾದವನು ತನ್ನ ಕೂಲಿಯಿಂದ ಕಟ್ಟುತ್ತಿದ್ದ. ಇಡೀ ವಿಷಯದಲ್ಲಿ ನನಗೆ ಎಲ್ಲಕ್ಕಿಂತ ಹೇಸಿಗೆ ಹುಟ್ಟಿಸಿದ ಸಂಗತಿ ಇದು.

ಅಷ್ಟಾಗಿಯೂ ಚೀಟಿ ಏನನ್ನು ಹೇಳುತ್ತದೆ? ಬೇಲೆಕೇರಿ ಬಂದರಿನಲ್ಲಿ ಜಪ್ತಿ ಮಾಡಿಟ್ಟ ಲಕ್ಷಗಟ್ಟಲೆ ಟನ್ ಅದಿರು ಹಡಗು ಹತ್ತಿ ಹೋದದ್ದನ್ನು ಕಂಡ ನಾಡು ನಮ್ಮದು. ಪರ್ಮಿಟ್ಟಿಗೂ ಅದಿರಿಗೂ ಇರುವ ಸಂಬಂಧ ನಮಗೆ ಪಾಠ ಮಾಡಬೇಕಾಗಿಲ್ಲ. 2022ರಲ್ಲಿ ಗ್ಲೋಬಲ್ ವಿಟ್ನೆಸ್ ಸಂಸ್ಥೆ, ಅನುಮತಿ ಇಲ್ಲದ ಗಣಿಗಳ ಅದಿರು, ಸಶಸ್ತ್ರ ಗುಂಪುಗಳ ಕೈಯಲ್ಲಿರುವ ಗಣಿಗಳ ಅದಿರು, ಮಕ್ಕಳು ದುಡಿಯುವ ಗಣಿಗಳ ಅದಿರು ಇದೇ ಚೀಟಿ ಕಟ್ಟಿಸಿಕೊಂಡು ಸಾಗುತ್ತಿದೆ ಎಂದು ವರದಿ ಮಾಡಿತು. ಇಟ್ಸ್ಕಿಯವರು ಅಲ್ಲಗಳೆದರು.

ಈಗ, ರುವಾಂಡದ ‘ಹೆಸರಿನಲ್ಲಿ’ ಎಂದು ಆಗ ಬಾಕಿ ಇಟ್ಟ ಮಾತಿಗೆ ಬರುತ್ತೇನೆ. 2024ರ ಏಪ್ರಿಲ್ ಕೊನೆಯಲ್ಲಿ ರುಬಾಯಾವನ್ನು ಎಂ23 ಎಂಬ ಬಂಡುಕೋರ ಪಡೆ ಹಿಡಿಯಿತು. ಇವರ ಬೆನ್ನಿಗೆ ರುವಾಂಡದ ಸೇನೆ ಇದೆ ಎಂದು ವಿಶ್ವಸಂಸ್ಥೆಯ ತಜ್ಞರು ಮತ್ತೆ ಮತ್ತೆ ಬರೆದಿದ್ದಾರೆ, ರುವಾಂಡ ಒಪ್ಪುವುದಿಲ್ಲ. ಎಂ23 ಅಲ್ಲಿ ಗಣಿ ಇಲಾಖೆಯಂಥದ್ದನ್ನೇ ತೆರೆಯಿತು. ತೋಡುವವರಿಗೆ, ದಲ್ಲಾಳಿಗಳಿಗೆ ಪರವಾನಗಿ, ಕಿಲೊಗಿಷ್ಟು ತೆರಿಗೆ. ತಜ್ಞರ 2024ರ ಕೊನೆಯ ವರದಿಯ ಪ್ರಕಾರ ಬಂಡುಕೋರರಿಗೆ ತಿಂಗಳಿಗೆ ಸುಮಾರು 8 ಲಕ್ಷ ಡಾಲರ್. ತಿಂಗಳಿಗೆ ಕನಿಷ್ಠ 120 ಟನ್ ಕೋಲ್ಟಾನ್ ಗಡಿ ದಾಟಿ ರುವಾಂಡಕ್ಕೆ ಹೋಗಿ ಅಲ್ಲಿಯ ಅದಿರಿನೊಂದಿಗೆ ಬೆರೆಯುತ್ತಿತ್ತು. ಬೆರೆತ ಮೇಲೆ ಅದು ರುವಾಂಡದ ಅದಿರು. 2024ರ ಫೆಬ್ರವರಿಯಲ್ಲಷ್ಟೇ ಯುರೋಪ್ ಒಕ್ಕೂಟ ರುವಾಂಡದೊಂದಿಗೆ ಖನಿಜಗಳಿಗಾಗಿ ಒಪ್ಪಂದ ಮಾಡಿಕೊಂಡಿತ್ತು. ಸಂಘರ್ಷದ ಖನಿಜದ ಮೇಲೆ 2021ರಿಂದ ಕಾನೂನು ಜಾರಿ ಮಾಡಿರುವುದೂ ಅದೇ ಒಕ್ಕೂಟವೇ. 2025ರ ಜನವರಿ ಕೊನೆಯಲ್ಲಿ ಗೋಮಾ ಎಂ23 ಕೈಗೆ ಹೋಯಿತು, ಫೆಬ್ರವರಿಯಲ್ಲಿ ಮುಕ್ವೆಗೆಯವರ ಬುಕಾವು ಕೂಡ.

2024ರ ಡಿಸೆಂಬರ್‌ನಲ್ಲಿ ಕಾಂಗೊ ಸರ್ಕಾರ ಫ್ರಾನ್ಸ್ ಮತ್ತು ಬೆಲ್ಜಿಯಂನಲ್ಲಿ ಆ್ಯಪಲ್‌ನ ಅಂಗಸಂಸ್ಥೆಗಳ ಮೇಲೆ ಕ್ರಿಮಿನಲ್ ದೂರು ಕೊಟ್ಟಿತು. ಆ್ಯಪಲ್ ಆರೋಪಗಳನ್ನು ಬಲವಾಗಿ ನಿರಾಕರಿಸಿತು. ಕಾಂಗೊ, ರುವಾಂಡ ಎರಡರಿಂದಲೂ ಈ ಖನಿಜ ತರಬೇಡಿ ಎಂದು ಪೂರೈಕೆದಾರರಿಗೆ ಹೇಳಿದ್ದೇವೆ ಎಂದಿತು. ಈ ಉತ್ತರವನ್ನು ಇನ್ನೊಮ್ಮೆ ಓದಿ. 2010ರಲ್ಲಿ ಆದದ್ದೇ ಮತ್ತೆ. ತಂಟೆ ಬಂದರೆ ಅಂಗಡಿಯ ಬಾಗಿಲು ಹಾಕು, ಹೊರಗೆ ನಿಂತವನ ಹಸಿವು ನಮ್ಮ ಲೆಕ್ಕಕ್ಕಿಲ್ಲ.

ನಾವು ಭಾರತೀಯರು ಇದರಿಂದ ಹೊರಗೆ ನಿಂತವರಲ್ಲ. ಗೋಮಾದಲ್ಲಿ ವಿಶ್ವಸಂಸ್ಥೆಯ ನೀಲಿ ಹೆಲ್ಮೆಟ್ ತೊಟ್ಟು ನಮ್ಮ ಸೈನಿಕರು ವರ್ಷಗಳಿಂದ ಇದ್ದಾರೆ, ನಮ್ಮ ಸೇನಾ ವೈದ್ಯರು ಅಲ್ಲಿ ಆಸ್ಪತ್ರೆ ನಡೆಸಿದ್ದಾರೆ. 2022ರ ಜುಲೈನಲ್ಲಿ ಕಾಂಗೊದ ಬುಟೆಂಬೊದಲ್ಲಿ ಬಿಎಸ್‌ಎಫ್‌ನ ಇಬ್ಬರು ಯೋಧರು ಜೀವ ಕೊಟ್ಟರು. ಇದು ಒಂದು ಮಗ್ಗುಲು. ಇನ್ನೊಂದು ಮಗ್ಗುಲು ಚಿನ್ನ. 2007ರಲ್ಲಿ ಕಾಂಗೊದ ಸಶಸ್ತ್ರ ಗುಂಪುಗಳಿಂದ ಚಿನ್ನ ಕೊಂಡದ್ದಕ್ಕೆ ವಿಶ್ವಸಂಸ್ಥೆ ನಿರ್ಬಂಧ ಹೇರಿದ, ಉಗಾಂಡದ ರಾಜಧಾನಿ ಕಂಪಾಲದ ಎರಡು ವ್ಯಾಪಾರ ಸಂಸ್ಥೆಗಳು ಭಾರತೀಯ ಮೂಲದವರವು. ಕಾಂಗೊದ ಚಿನ್ನ ಉಗಾಂಡ ದಾಟಿ ದುಬೈಗೆ ಹೋಗುತ್ತದೆಂದು ಅಂದಿನಿಂದ ಎಷ್ಟೋ ವರದಿಗಳು ಹೇಳಿವೆ. ದುಬೈಯಿಂದ ಚಿನ್ನ ಕೊಳ್ಳುವ ದೊಡ್ಡ ದೇಶಗಳಲ್ಲಿ ನಮ್ಮದೊಂದು. ಕರಗಿಸಿದ ಚಿನ್ನಕ್ಕೆ ಊರಿಲ್ಲ. ಅಕ್ಷಯ ತೃತೀಯದ ದಿನ ಅಂಗಡಿಯಲ್ಲಿ ಇದು ಎಲ್ಲಿಯದು ಎಂದು ಕೇಳಿದರೆ ಹಾಲ್‌ಮಾರ್ಕ್ ತೋರಿಸುತ್ತಾರೆ. ಹಾಲ್‌ಮಾರ್ಕ್ ಹೇಳುವುದು ಎಷ್ಟು ಶುದ್ಧ ಎಂದು, ಎಲ್ಲಿಂದ ಬಂತು ಎಂದಲ್ಲ.

ಕೋಲಾರಕ್ಕೆ ಬಂದು ಮುಗಿಸುತ್ತೇನೆ. ಈ ಜಿಲ್ಲೆಗೆ ಎರಡು ಕಾರಣಗಳಿಂದ ಈ ವಿಷಯದಲ್ಲಿ ಮಾತಾಡುವ ಹಕ್ಕಿದೆ. ಒಂದು ಕೆಜಿಎಫ್. ಜಾನ್ ಟೇಲರ್ ಕಂಪನಿಯ ಕಾಲದಲ್ಲಿ ಅಲ್ಲೂ ಮನುಷ್ಯರನ್ನು ಅಗ್ಗವಾಗಿಯೇ ಕಂಡರು. ಬಂಡೆ ಸಿಡಿದು ಸತ್ತರು, ಶ್ವಾಸಕೋಶಕ್ಕೆ ಕಲ್ಲಿನ ಧೂಳು ತುಂಬಿ ಸತ್ತರು. ಆದರೆ ಗಣಿಗೆ ಮಾಲೀಕನಿದ್ದ, ಹಾಜರಿ ಇತ್ತು, ಕಾಲಾನಂತರದಲ್ಲಿ ಸಂಘ ಬಂತು. 1930ರಲ್ಲಿ ಬೆರಳಚ್ಚು ಕೊಡಬೇಕೆಂದಾಗ ಕಾರ್ಮಿಕರು ಗಣಿಗೆ ಇಳಿಯದೆ ಮುಷ್ಕರ ಹೂಡಿದರು. ಬೈಯಲು, ಕೇಳಲು, ಕೋರ್ಟಿಗೆ ಎಳೆಯಲು ಎದುರಿಗೊಬ್ಬನಿದ್ದ. 2001ರ ಫೆಬ್ರವರಿ 28ರಂದು ಗಣಿ ಮುಚ್ಚಿದ ಮೇಲೂ ಬಾಕಿಗಾಗಿ ಹೋರಾಡಿದ್ದು ಅದೇ ಬಲದ ಮೇಲೆ. ರುಬಾಯಾದವನಿಗೆ ಇಲ್ಲದ್ದು ಇದು. ಅವನಿಗೆ ಬೇಕಾದದ್ದು ನಮ್ಮ ಕಣ್ಣೀರಲ್ಲ. ಗಣಿಯ ಮೇಲೆ ಕಾನೂನಿನ ಹಕ್ಕು, ಸಂಘ, ಅದಿರಿನ ಸತ್ವ ಅಳೆಯುವ ಯಂತ್ರ ಅವನ ಸಂಘದ ಕೈಯಲ್ಲಿ, ಬಂದೂಕಿಲ್ಲದ ರಸ್ತೆ. ಹಳೆಯ ಫೋನು ಮರುಬಳಕೆ ಮಾಡಿ ಎನ್ನುವವರಿದ್ದಾರೆ. ಮಾಡಿ, ಒಳ್ಳೆಯದು. ಅದರಿಂದ ನಮ್ಮ ಕಸ ಕಡಿಮೆಯಾಗುತ್ತದೆ, ಅವನಿಗೆ ಊಟ ಸಿಗುವುದಿಲ್ಲ.

ಎರಡನೆಯ ಕಾರಣ ನರಸಾಪುರ. 2020ರ ಡಿಸೆಂಬರ್‌ನಲ್ಲಿ ಅಲ್ಲಿಯ ಐಫೋನ್ ಕಾರ್ಖಾನೆಯಲ್ಲಿ ಸಂಬಳ ಸರಿಯಾಗಿ ಬರಲಿಲ್ಲವೆಂದು ಕಾರ್ಮಿಕರ ಸಿಟ್ಟು ಗಲಾಟೆಯಾಗಿ ಒಡೆದದ್ದು ನಿಮಗೆಲ್ಲ ನೆನಪಿದೆ. ಒಂದು ವಾರದಲ್ಲಿ ಆ್ಯಪಲ್ ಪ್ರಾಥಮಿಕ ತಪಾಸಣೆ ನಡೆಸಿ, ಕಾರ್ಖಾನೆ ನಡೆಸುತ್ತಿದ್ದ ವಿಸ್ಟ್ರಾನ್ ಕಂಪನಿಯನ್ನು ಪ್ರೊಬೇಷನ್ನಿನಲ್ಲಿಟ್ಟು, ಸರಿಪಡಿಸುವವರೆಗೆ ಹೊಸ ಕೆಲಸ ಕೊಡುವುದಿಲ್ಲ ಎಂದಿತು. ಅಂದರೆ ಬೇಕಾದಾಗ ಸರಪಳಿಯ ಕೆಳಗಿನ ಕೊಂಡಿಯನ್ನು ನೋಡುವುದೂ ಗೊತ್ತು, ಹಿಡಿದು ಅಲ್ಲಾಡಿಸುವುದೂ ಗೊತ್ತು. ಅದಿರು ಕರಗಿಸುವ ಕಾರ್ಖಾನೆಗಳ ಪಟ್ಟಿಯನ್ನು ಆ್ಯಪಲ್ ಅಮೆರಿಕದ ಷೇರುಪೇಟೆ ನಿಯಂತ್ರಕರಿಗೆ ಪ್ರತಿವರ್ಷ ಕೊಡುತ್ತಲೂ ಇದೆ. ಇಂದು ನರಸಾಪುರದ ಕಾರ್ಖಾನೆ ಟಾಟಾದವರದು, ದೇವನಹಳ್ಳಿ ಬಳಿ ಫಾಕ್ಸ್‌ಕಾನ್ ಬಂದಿದೆ. ಇಲ್ಲಿ ಜೋಡಿಸುವ ಫೋನಿನಲ್ಲಿ ಮಸಿಸಿಯ ಅದಿರು ಇದೆಯೇ ಎಂದರೆ ಈ ಸಭೆಯಲ್ಲಿ ಯಾರೂ ಹೌದೆನ್ನಲಾರರು, ಇಲ್ಲವೆನ್ನಲಾರರು. ಆ ಪ್ರಶ್ನೆ ಕೇಳುವ ಕಾನೂನೇ ನಮ್ಮ ದೇಶದಲ್ಲಿಲ್ಲ.

ಇಂಥ ಕಾರ್ಖಾನೆಗಳಿಗೆ ನಮ್ಮ ಸರ್ಕಾರ ಜಮೀನು, ವಿದ್ಯುತ್, ತೆರಿಗೆ ರಿಯಾಯಿತಿ ಕೊಡುತ್ತದೆ. ಅದು ನಮ್ಮ ದುಡ್ಡು, ಆದ್ದರಿಂದ ಷರತ್ತು ಹಾಕುವ ಅಧಿಕಾರವೂ ನಮ್ಮದು. ನಾನು ಕೇಳುವುದು ಎರಡೇ ಷರತ್ತು. ರಿಯಾಯಿತಿ ಪಡೆವ ಕಂಪನಿ ತನ್ನ ನಾಲ್ಕು ಖನಿಜಗಳನ್ನು ಕರಗಿಸಿದ ಕಾರ್ಖಾನೆಗಳ ಪಟ್ಟಿಯನ್ನು ಇಲ್ಲಿಯೂ, ಕನ್ನಡದಲ್ಲಿಯೂ ಪ್ರಕಟಿಸಲಿ. ಮೂಟೆಗೆ ಕಟ್ಟುವ ಚೀಟಿಯ ಖರ್ಚು ಗುದ್ದಲಿಯವನ ಕೂಲಿಯಿಂದ ಮುರಿಯದೆ ಕಂಪನಿಯ ಲೆಕ್ಕದಿಂದಲೇ ಹೋಗುತ್ತದೆಂದು ಬರೆದುಕೊಡಲಿ. ಈ ಜಿಲ್ಲೆಯ ಶಾಸಕರು, ಸಂಸದರು ನಿಮ್ಮ ಊರಿಗೆ ಬಂದಾಗ, ಬಸ್ಸು ನೀರು ಕೇಳಿ ಮುಗಿದ ಮೇಲೆ, ಇದನ್ನೂ ಒಂದು ಅರ್ಜಿಯಾಗಿ ಬರೆದು ಅವರ ಕೈಗೆ ಕೊಡಿ. ಸ್ವೀಕೃತಿಯ ಸಹಿ ಹಾಕಿಸಿಕೊಳ್ಳುವುದನ್ನು ಮರೆಯಬೇಡಿ.